ಸುರಪುರವನ್ನು ನೋಡುವ ದಾರಿ

ಯೂರೋಪಖಂಡದ ಪುರಾತನ ನಗರಗಳನ್ನು ಬೈಸಿಕಲ್ಲಿನ ಮೇಲೆ, ಮಾರ್ಗದರ್ಶಕನೊಬ್ಬನ ಹಿಂದೆ ಸಾಲಾಗಿ ಸಾಗುತ್ತ ನೋಡುವ ಪದ್ಧತಿಯು ಈಚೆಗೆ ಬಹಳವಾಗಿ ಬೆಳೆದಿರುವುದು. ಬೆಲ್ಜಿಯಮಿನ ಬ್ರೂಗೆ, ಹಾಲೆಂಡಿನ ಆಮ್‌ಸ್ಟರ್‌ಡಾಮ್ ಮುಂತಾದ ಊರುಗಳ ಸಮತಲವಾದ ನೆಲವೂ ಕಾಲುವೆಗಳ ದಂಡೆಯೂ ಇದಕ್ಕೆಂದೇ ನಿರ್ಮಿತವಾದಂತಿವೆ. ಕಾಲ್ನಡೆಯವನಿಗಿಂತ ಹೆಚ್ಚು ದೂರವನ್ನೂ ಮೋಟಾರಿನವನಿಗಿಂತ ಹೆಚ್ಚು ಸೂಕ್ಷ್ಮವನ್ನೂ ಬೈಸಿಕಲ್ಲಿನವನು ಕಾಣಬಲ್ಲನು. ಆದರೆ ಇದರಲ್ಲಿ ಒಂದು ಗುಟ್ಟುಂಟು. ಯಾತ್ರೆಯು ಯಾವ ಚೌಕದಲ್ಲಿ ಮೊದಲಾಗಿ ಯಾವ ಬಾಗಿಲಿನಲ್ಲಿ ಮುಗಿಯತಕ್ಕುದೆಂಬುದನ್ನು ನಿಶ್ಚಯಿಸುವವನು ಮಾರ್ಗದರ್ಶಕನು. ಚರ್ಚಿನ ಗೋಪುರದಿಂದ ಹೊರಟರೆ ಊರು ಪಾದ್ರಿಗಳದಾಗಿ ಕಾಣುವುದು. ವರ್ತಕರ ಕಟ್ಟೆಯಿಂದ ಹೊರಟರೆ ಅದೇ ಊರು ವರ್ತಕರದಾಗಿ ಕಾಣುವುದು. ಕಲ್ಲುಗಳು ಅವೇ ಇರುವುವು. ಕಥೆ ಮಾತ್ರ ಬೇರೆಯಾಗುವುದು.

ಈ ಮಾತು ಸುರಪುರಕ್ಕೆ ಅನ್ವಯಿಸುವಷ್ಟು ಚೆನ್ನಾಗಿ ಬೇರೆ ಯಾವ ಊರಿಗೂ ಅನ್ವಯಿಸಲಾರದು. ಈ ಊರಿನ ಹೆಸರನ್ನು ಕೇಳಿ ಬರುವ ಹೊರನಾಡಿನ ಪ್ರವಾಸಿಯ ಮನಸ್ಸು ಮೊದಲು ಓಡುವುದು ಗುಡ್ಡದ ಮೇಲಣ ಟೇಲರ್ ಮಂಜಿಲಿನ ಕಡೆಗೆ. ಅಲ್ಲಿ ನಿಂತು ಕೆಳಗೆ ನೋಡಿದರೆ ಊರೆಲ್ಲವೂ ಅಂಗೈಯಲ್ಲಿಟ್ಟಂತೆ ಕಾಣಿಸುವುದು ನಿಜ. ಆದರೆ ಅದು ಮೆಡೋಸ್ ಟೇಲರನು ಕಂಡ ಊರು. ನಾಯಕರು ಕಟ್ಟಿದ ಊರನ್ನು ಕಾಣಬೇಕಾದರೆ ಕೆಳಗಿನಿಂದ ಮೇಲಕ್ಕೆ ಬರಬೇಕು. ಅದೂ ಸುರಪುರದಿಂದ ಪ್ರಾರಂಭಿಸದೆ, ಯಾದಗಿರಿಯ ರೈಲು ನಿಲ್ದಾಣದಿಂದ ಪ್ರಾರಂಭಿಸಬೇಕು.

ಮುಂಬಯಿಯ ಕಡೆಯಿಂದ ಬಂದ ಕಬ್ಬಿಣದ ಹಾದಿಯೂ ಮದರಾಸಿನ ಕಡೆಯಿಂದ ಬಂದ ಹಾದಿಯೂ ೧೮೭೧ರಲ್ಲಿ ರಾಯಚೂರಿನಲ್ಲಿ ಕೂಡಿಕೊಂಡುವು. ಆ ಹಾದಿಯ ಮೇಲೆಯೇ ಇರುವ ಯಾದಗಿರಿಯು ಅಂದಿನಿಂದ ಈ ಸೀಮೆಯ ಹೆಬ್ಬಾಗಿಲಾಯಿತು. ಊರಿನ ನೆತ್ತಿಯ ಮೇಲಿನ ಗುಡ್ಡದಲ್ಲಿ ಮೂರು ಸುತ್ತಿನ ಕೋಟೆಯುಂಟು. ಬಹಮನಿಯರೂ ಆದಿಲಶಾಹಿಗಳೂ ಅದನ್ನು ಆಳಿ ಬಲಪಡಿಸಿದರು. ೨೦೦೯ರ ಡಿಸೆಂಬರಿನಲ್ಲಿ ಗುಲಬರ್ಗಾ ಜಿಲ್ಲೆಯಿಂದ ಬೇರೆಯಾಗಿ ಯಾದಗಿರಿಯೇ ಒಂದು ಜಿಲ್ಲೆಯ ತಲೆಯಾದುದರಿಂದ ಊರಿನ ಗದ್ದಲವು ಈಗ ಮೊದಲಿನಂತಿಲ್ಲ. ಕೋಟೆಯನ್ನು ವರ್ಣಿಸುವುದಕ್ಕೆ ಬೇರೊಂದು ಲೇಖನವೇ ಬೇಕು. ಇಲ್ಲಿ ಅದನ್ನು ಬಿಟ್ಟು ಭೀಮೆಯನ್ನು ದಾಟಬೇಕು.

ಭೀಮೆಯಾಚೆಗೆ ಎರೆಭೂಮಿ. ಬೇಸಗೆಯಲ್ಲಿ ಬಾಯ್ಬಿಟ್ಟುಕೊಂಡು ಮಳೆಗಾಲದಲ್ಲಿ ಕಾಲನ್ನು ಹಿಡಿದುಕೊಳ್ಳುವ ಈ ಕರಿಮಣ್ಣನ್ನು ಬೈಸಿಕಲ್ಲಿನವನು ಮರೆಯಲಾರನು. ಡಾಂಬರಿನ ರಸ್ತೆಯನ್ನು ಬಿಟ್ಟು ಹತ್ತು ಮಾರು ಹೊಲದೊಳಗೆ ಇಳಿದರೆ ಗಾಲಿಯು ಮಣ್ಣನ್ನು ಸುತ್ತಿಕೊಂಡು ಸ್ತಬ್ಧವಾಗುವುದು. ಮುಂದೆ ಹೇಳಲಿರುವ ಮುತ್ತಿಗೆಯ ಕಥೆಯಲ್ಲಿ ಈ ಮಣ್ಣಿನದೂ ಒಂದು ಪಾತ್ರವುಂಟು. ಭಾರವಾದ ಫಿರಂಗಿಗಳನ್ನು ಎತ್ತುಗಳ ಹೆಗಲಿಗೆ ಕಟ್ಟಿ ಎಳೆಸಿದ ದಂಡುಗಳು ದಖ್ಖಣದಲ್ಲಿ ಪಟ್ಟ ಪಾಡಿಗೆ ಶತ್ರುವಿನಷ್ಟೇ ಈ ಮಣ್ಣೂ ಕಾರಣವಾಗಿದ್ದಿತು.

ಶಹಾಪುರದ ಬೆಟ್ಟವು ದೂರದಿಂದ ನೋಡುವವರಿಗೆ ಮಲಗಿದ ಮನುಷ್ಯನ ಆಕಾರವಾಗಿ ತೋರುವುದು. ಹಣೆ, ಮೂಗು, ಗಲ್ಲ, ಎದೆ ಎಲ್ಲವೂ ಸ್ಪಷ್ಟ. ಇದನ್ನು ಬುದ್ಧನು ಮಲಗಿದ ಬೆಟ್ಟವೆಂದು ಜನರು ಕರೆಯುತ್ತಾರೆ. ಪ್ರಕೃತಿಯ ಈ ವಿನೋದಕ್ಕಿಂತ ಹೆಚ್ಚಿನ ಆಶ್ಚರ್ಯವು ಅದೇ ಶಹಾಪುರದ ಬಳಿಯ ವಿಭೂತಿಹಳ್ಳಿಯ ಬಯಲಿನಲ್ಲಿರುವುದು. ಅಲ್ಲಿ ಇತಿಹಾಸಪೂರ್ವ ಕಾಲದ ಜನರು ದೊಡ್ಡ ಬಂಡೆಗಳನ್ನು ಉರುಳಿಸಿ ತಂದು ನೆಲದ ಮೇಲೆ ಸಾಲುಸಾಲಾಗಿ, ಅಳತೆಯಿಟ್ಟು, ನಿಲ್ಲಿಸಿರುವರು. ಸುರಪುರ ತಾಲೂಕಿನೊಳಗಿದ್ದ ರಾಜನಕೊಳೂರಿನಲ್ಲಿ ಚಪ್ಪಡಿ ಕಲ್ಲುಗಳಿಂದ ಕಟ್ಟಿದ ಅದೇ ಯುಗದ ಗೋರಿಗಳಿವೆ; ಹಳ್ಳಿಗರು ಅವನ್ನು ಗೇಣುದ್ದದ ಕುಳ್ಳರ ಮನೆಗಳೆಂದು ಭಾವಿಸಿದ್ದರು. ಇವನ್ನು ಪಂಡಿತಲೋಕಕ್ಕೆ ಮೊದಲು ತಿಳಿಸಿದವನು ಮೆಡೋಸ್ ಟೇಲರನೇ. ೧೮೫೦ರ ಆಸುಪಾಸಿನಲ್ಲಿ ಅವನು ಜೇವರ್ಗಿಯ ಸಮಾಧಿಗಳನ್ನು ಅಗೆಯಿಸಿ ಮುಂಬಯಿಯ ಏಷಿಯಾಟಿಕ್ ಸೊಸೈಟಿಯ ಪತ್ರಿಕೆಯಲ್ಲಿ ಬರೆದನು. ಅನಂತರ ಐರ್ಲೆಂಡಿನ ರಾಯಲ್ ಅಕಾಡೆಮಿಗೂ ವಿಸ್ತಾರವಾದ ಪ್ರಬಂಧವನ್ನು ಒಪ್ಪಿಸಿದನು. ಬ್ರಿಟನ್ನಿನ ಬಯಲುಗಳಲ್ಲಿಯೂ ಇಂತಹವೇ ಗೋರಿಗಳಿರುವುದನ್ನು ಅವನು ಗುರುತಿಸಿದ್ದನು. ಈ ಲೇಖನದಲ್ಲಿ ಟೇಲರನ ವಿಷಯವಾಗಿ ಕಟುವಾದ ಮಾತುಗಳು ಬರಲಿರುವುದರಿಂದ, ಅವನಿಗೆ ಸಲ್ಲತಕ್ಕ ಈ ಗೌರವವನ್ನು ಮೊದಲೇ ಸಲ್ಲಿಸಿಬಿಡುವುದು ನ್ಯಾಯ.

ಶಹಾಪುರದ ನೆರೆಯಲ್ಲಿಯೇ ಸಗರವಿದೆ. ಬೇಡನಾಯಕರ ಕಥೆಯು ಬೆಳಕಿಗೆ ಬರುವುದು ಈ ಊರಿನಲ್ಲಿ. ಬಿಜಾಪುರದ ಆದಿಲಶಾಹಿಯು ೧೬೮೬ರಲ್ಲಿ ಔರಂಗಜೇಬನ ಕೈಸೇರಿತು. ಆ ಮುತ್ತಿಗೆಯಲ್ಲಿ ಬಿಜಾಪುರಕ್ಕೆ ನೆರವನ್ನು ಕಳುಹಿಸಿದವರಲ್ಲಿ ಸಗರದ ಪಾಮನಾಯಕನೂ ಒಬ್ಬನು. ಮರುವರ್ಷ ಮೊಗಲರು ಸಗರದ ಮೇಲೆ ತಿರುಗಿದರು. ಪಾಮನಾಯಕನು ಕೋಟೆಯನ್ನೊಪ್ಪಿಸಿ ಬಾದಶಹನ ದರ್ಬಾರಿಗೆ ಹೋಗಿ, ಕೆಲವೇ ದಿನಗಳಲ್ಲಿ ಮಡಿದನು. ಸಗರಕ್ಕೆ ನುಸ್ರತಾಬಾದ್ ಎಂದು ಹೆಸರಾಯಿತು. ನಾಡಿನವರ ಬಾಯಲ್ಲಿ ಮಾತ್ರ ಅದು ಸಗರವಾಗಿಯೇ ಉಳಿಯಿತು.

ಪಾಮನಾಯಕನ ಉತ್ತರಾಧಿಕಾರಿಯಾದ ಪಿಡ್ಡನಾಯಕನು ಮಾಡಿದ ಕೆಲಸವನ್ನು ಅರಿಯಲು ಸುರಪುರವನ್ನು ಬದಿಗೆ ಬಿಟ್ಟು, ಅದರ ಪಶ್ಚಿಮಕ್ಕಿರುವ ವಾಗಣಗೇರಾಕ್ಕೆ ಹೋಗಬೇಕು. ಬಯಲಿನ ಊರು ಉಳಿಯಲಾರದೆಂಬುದನ್ನು ಸಗರದಿಂದ ಕಲಿತ ಅವನು ಇಲ್ಲಿಯ ಗುಡ್ಡವನ್ನು ಹಿಡಿದನು. ಗುಡ್ಡದ ಮೇಲೆ ಕೋಟೆ; ಬುಡದಲ್ಲಿ ಮಣ್ಣಿನ ಗೋಡೆಯ ತಳವಾರಗೇರಿ ಎಂಬ ಪೇಟೆ; ಸುತ್ತಲೂ ಕಿರುಗುಡ್ಡಗಳು. ಗಾಲಿಯ ಮೇಲೆ ಬಂದವನು ಇಲ್ಲಿ ಇಳಿಯದೆ ವಿಧಿಯಿಲ್ಲ; ಬೈಸಿಕಲ್ಲನ್ನು ಬುಡದಲ್ಲಿಯೇ ಒರಗಿಸಿ ಕಲ್ಲುಗಳ ನಡುವೆ ಹತ್ತಬೇಕು. ಗಾಲಿಯು ಏರಲಾರದ ಸ್ಥಳವನ್ನು ಆರಿಸಿಕೊಂಡುದೇ ಪಿಡ್ಡನಾಯಕನ ಯುದ್ಧಶಾಸ್ತ್ರವಾಗಿದ್ದಿತು.

೧೭೦೫ರ ಫೆಬ್ರುವರಿಯಲ್ಲಿ ಔರಂಗಜೇಬನು ತಾನೇ ದಂಡೆತ್ತಿ ಬಂದನು. ಅವನಿಗೆ ಆಗ ಎಂಬತ್ತಾರು ವರ್ಷ. ಬಿಜಾಪುರ ಗೋಲಕೊಂಡಗಳನ್ನು ನುಂಗಿದ ಸಾರ್ವಭೌಮನು ಬೇಡರ ಒಂದು ಗುಡ್ಡದ ಮುಂದೆ ಸುಮಾರು ಮೂರು ತಿಂಗಳು ಕುಳಿತುಕೊಳ್ಳಬೇಕಾಯಿತು. ಕೆಂಪು ಮಣ್ಣಿನ ಒಂದು ದಿಣ್ಣೆಯನ್ನು ಮೊಗಲರು ಹಿಡಿದರು; ಬೇಡರು ಕಲ್ಲನ್ನುರುಳಿಸಿ ಗುಂಡು ಹಾರಿಸಿ ಅವರನ್ನು ಕೆಳಗೆ ದಬ್ಬಿದರು. ಗುರಿಯಿಡುವುದರಲ್ಲಿ ಬೇಡರಿಗೆ ಸಮನಾದವರಿಲ್ಲವೆಂದು ಶತ್ರುಪಕ್ಷದವರೇ ಒಪ್ಪಿಕೊಂಡಿದ್ದರು. ನಡುವೆ ಸಂಧಾನದ ಮಾತುಗಳು ನಡೆದುವು; ನಾಯಕನು ಶರಣಾಗತನಾಗುವನೆಂಬ ಭರವಸೆಯಿಂದ ಪಾಳೆಯದಲ್ಲಿ ಸಂತೋಷವಾಯಿತು; ಆ ಅವಧಿಯಲ್ಲಿ ಧನಾಜಿ ಜಾಧವನ ಮರಾಠಾ ಸೈನ್ಯವು ಬೇಡರ ನೆರವಿಗೆ ಬಂದು ಮುಟ್ಟಿತು. ಬಳಿಕ ಝುಲ್ಫಿಕಾರಖಾನನು ಬಂದು ನೀರಿನ ಬಾವಿಗಳನ್ನು ಹಿಡಿದುಕೊಂಡಾಗ ಕೋಟೆಯ ದಿನಗಳು ಮುಗಿದುವು. ಏಪ್ರಿಲಿನ ಕೊನೆಯ ಒಂದು ರಾತ್ರಿ ಬೇಡರು ಮನೆಗಳಿಗೆ ಬೆಂಕಿಯಿಟ್ಟು, ಹಿಂದಣ ದಾರಿಯಿಂದ ಮರಾಠರೊಡನೆ ಹೊರಬಿದ್ದರು. ಮೊಗಲರಿಗೆ ದೊರೆತದ್ದು ಉರಿಯುವ ಊರು. ಬಾದಶಹನು ಅದಕ್ಕೂ ಒಂದು ಹೊಸ ಹೆಸರನ್ನಿಟ್ಟನು. ನಾಯಕನು ಮಾತ್ರ ಸಿಕ್ಕಲಿಲ್ಲ. ಔರಂಗಜೇಬನು ತಾನೇ ನಿಂತು ನಡೆಯಿಸಿದ ಮುತ್ತಿಗೆಗಳಲ್ಲಿ ಇದೇ ಕಡೆಯದು.

ಅಲ್ಲಿಂದ ಅವನು ಹತ್ತಿರದ ದೇವಾಪುರದಲ್ಲಿ ಬೀಡುಬಿಟ್ಟು, ಮಳೆಗಾಲವೆಲ್ಲವನ್ನೂ ಕಳೆದನು. ಅಲ್ಲಿಯೇ ಕಠಿನವಾಗಿ ಕಾಯಿಲೆಬಿದ್ದನು. ಎರಡು ವರ್ಷಗಳೊಳಗಾಗಿ, ೧೭೦೭ರಲ್ಲಿ, ಅಹಮದನಗರದಲ್ಲಿ ತೀರಿಕೊಂಡನು. ದೇವಾಪುರವೆಂದೊಡನೆ ಕನ್ನಡಿಗರಿಗೆ ಬೇರೊಂದು ನೆನಪು ಬರುವುದು ಸಹಜ. ಜೈಮಿನಿ ಭಾರತದ ಕವಿ ಲಕ್ಷ್ಮೀಶನು ಈ ಊರಿನವನೆಂದು ಕೆಲವು ವಿದ್ವಾಂಸರೂ, ಕಡೂರಿನ ಕಡೆಯ ದೇವನೂರಿನವನೆಂದು ಇತರರೂ ಬಹುಕಾಲದಿಂದ ವಾದಿಸುತ್ತ ಬಂದಿರುವರು. ವಾದವು ಹೇಗಾದರೂ ಇರಲಿ. ಬಾದಶಹನು ಹಾಸಿಗೆ ಹಿಡಿದ ಊರೆಂದು ಈ ಹಳ್ಳಿಯನ್ನು ಕಾಣಹೋಗುವವರು ಯಾರೂ ಇಲ್ಲ, ಕವಿಯ ಊರೆಂದು ಕೇಳಿಕೊಂಡು ಬರುವವರುಂಟು.

ಇಷ್ಟನ್ನು ನೋಡಿಕೊಂಡು ಸುರಪುರಕ್ಕೆ ಮರಳಿದವನಿಗೆ ಊರಿನ ರಚನೆಯು ತಾನಾಗಿಯೇ ಅರ್ಥವಾಗುವುದು. ಗುಡ್ಡಗಳು ಬಟ್ಟಲಿನಂತೆ ಸುತ್ತುವರಿದ ಎಡೆಯಲ್ಲಿ ಊರು ಅಡಗಿ ಕುಳಿತಿದೆ. ಸಗರವು ಬಯಲಿನಲ್ಲಿದ್ದು ಬಿದ್ದಿತು. ವಾಗಣಗೇರಾವು ಗುಡ್ಡದ ಮೇಲಿದ್ದು ನೀರಿಲ್ಲದೆ ಬಿದ್ದಿತು. ಮೂರನೆಯ ರಾಜಧಾನಿಯಾದ ಸುರಪುರವು ಗುಡ್ಡವನ್ನೂ ನೀರನ್ನೂ ಎರಡನ್ನೂ ಹಿಡಿದುಕೊಂಡಿತು. ಸಮೀಪದ ಬೋನಾಳದ ಕೆರೆಯು ನಾಯಕರ ಕಾಲದ್ದು. ಟೇಲರನು ಅದನ್ನು ಮುಂದೆ ಸುಧಾರಿಸಿದನು. ಇಂದು ಅದು ಹಕ್ಕಿಗಳ ಧಾಮವಾಗಿ ಪ್ರಸಿದ್ಧವಾಗಿದೆ. ಊರೊಳಗಿನ ಓಣಿಗಳಲ್ಲಿ ಬೈಸಿಕಲ್ಲನ್ನು ತುಳಿಯುವುದಕ್ಕಿಂತ ತಳ್ಳುವುದೇ ಹೆಚ್ಚು. ವೇಣುಗೋಪಾಲಸ್ವಾಮಿಯ ಗುಡಿ, ಅರಮನೆಗಳು, ಕೆಳಗೆ ರಂಗಂಪೇಟೆ, ತಿಮ್ಮಾಪುರ. ಗೋಕುಲಾಷ್ಟಮಿಯ ಸಮಯದ ಹಾಲೋಕುಳಿಯಲ್ಲಿ, ಜಾರುವ ಎತ್ತರದ ಕಂಬವನ್ನು ನೀರೆರಚಾಟದ ನಡುವೆ ಹತ್ತುವ ಆಟವು ಇಲ್ಲಿಯ ದೊಡ್ಡ ಉತ್ಸವ. ನಾಯಕರ ಆಶ್ರಯದಲ್ಲಿ ಬೆಳೆದ ಚಿತ್ರಕಲೆಗೆ ಸುರಪುರದ ಶೈಲಿಯೆಂಬ ಪ್ರತ್ಯೇಕ ಹೆಸರುಂಟು. ಮೈಸೂರು ತಂಜಾವೂರುಗಳ ಚಿತ್ರಗಳ ಬಂಧುವಾದರೂ ಅದರ ಚಹರೆಯು ಬೇರೆ. ಯುದ್ಧವನ್ನು ಮಾತ್ರ ಬಲ್ಲ ಕಾಡುಜನರೆಂದು ಬೇಡರನ್ನು ಚಿತ್ರಿಸಿದ ಬಾದಶಹಿ ಇತಿಹಾಸಕಾರರಿಗೆ ಈ ಬಣ್ಣಗಳೇ ಉತ್ತರ.

ಈಗ ಗುಡ್ಡವನ್ನೇರಿ ಮಂಜಿಲಿಗೆ ಬರಬಹುದು. ಫಿಲಿಪ್ ಮೆಡೋಸ್ ಟೇಲರನು ೧೮೦೮ರಲ್ಲಿ ಲಿವರ್‌ಪೂಲಿನಲ್ಲಿ ಹುಟ್ಟಿ, ಹದಿನಾರನೆಯ ವಯಸ್ಸಿನಲ್ಲಿ ಇಂಡಿಯಾಕ್ಕೆ ಬಂದು ನಿಜಾಮನ ಸೇವೆಗೆ ಸೇರಿದವನು. ೧೮೩೯ರಲ್ಲಿ ಪ್ರಕಟವಾದ ಅವನ ಠಕ್ಕರ ಕಾದಂಬರಿಯು ಇಂಗ್ಲೆಂಡಿನಲ್ಲಿ ಮನೆಮಾತಾಗಿದ್ದಿತು. ೧೮೪೦ರ ದಶಕದ ಆರಂಭದಲ್ಲಿ ಅವನು ಸುರಪುರಕ್ಕೆ ಬಂದಾಗ ಸಂಸ್ಥಾನವು ಸಾಲದಲ್ಲಿ ಮುಳುಗಿದ್ದಿತು; ರಾಜಾ ಕೃಷ್ಣಪ್ಪನಾಯಕನು ತೀರಿಹೋಗಿ, ಗಾದಿಯ ಹಕ್ಕುದಾರನಾದ ವೆಂಕಟಪ್ಪನಾಯಕನು ಏಳೆಂಟು ವರ್ಷದ ಬಾಲಕನಾಗಿದ್ದನು. ತಾಯಿ ರಾಣಿ ಈಶ್ವರಮ್ಮನಿಗೂ ಟೇಲರನಿಗೂ ವರ್ಷಗಟ್ಟಲೆ ಜಗಳ. ಬಾಲಕನು ಮಾತ್ರ ಅವನನ್ನು ಅಪ್ಪಾ ಎಂದು ಕರೆಯುತ್ತಿದ್ದನು. ೧೮೫೩ರಲ್ಲಿ ರಾಜ್ಯವನ್ನು ಪ್ರಾಪ್ತವಯಸ್ಕನಾದ ರಾಜನಿಗೊಪ್ಪಿಸಿ, ಟೇಲರನು ನಳದುರ್ಗದ ಕಡೆಗೆ ವರ್ಗವಾಗಿ ಹೋದನು.

ಐದು ವರ್ಷ ಕಳೆಯುವುದರೊಳಗೆ ಉತ್ತರದಲ್ಲಿ ಎದ್ದ ಬೆಂಕಿಯು ಕೃಷ್ಣಾತೀರವನ್ನು ಮುಟ್ಟಿತು. ರಾಜನನ್ನು ಕಾಯ್ದಿರಲು ಕ್ಯಾಪ್ಟನ್ ಕ್ಯಾಂಪ್‌ಬೆಲ್ಲನನ್ನು ಸುರಪುರಕ್ಕೆ ಕಳುಹಿಸಿದ್ದರು. ೧೮೫೮ನೆಯ ಫೆಬ್ರುವರಿ ೭ರ ರಾತ್ರಿ ಬೇಡರು ಬ್ರಿಟಿಷರ ಪಾಳೆಯದ ಮೇಲೆ ಬಿದ್ದರು. ಮರುದಿನ ಹೊರಗಿನಿಂದ ಸೈನ್ಯಗಳು ಬಂದುವು. ಕ್ಯಾಪ್ಟನ್ ನ್ಯೂಬೆರಿಯೆಂಬ ಅಧಿಕಾರಿಯು ಕಾದಾಟದಲ್ಲಿ ಸತ್ತನು. ಆ ರಾತ್ರಿ ರಾಜನು ಊರನ್ನು ಬಿಟ್ಟು ಹೈದರಾಬಾದಿಗೆ ಹೋದನು. ಅಲ್ಲಿ ಸಾಲಾರ ಜಂಗನ ಕೈಗೆ ಸಿಕ್ಕಿ, ರೆಸಿಡೆಂಟನಿಗೆ ಒಪ್ಪಿಸಲ್ಪಟ್ಟನು. ಸೆರೆಯಲ್ಲಿದ್ದ ಅವನನ್ನು ಟೇಲರನು ಕಂಡುದು ಆಗ. ತನ್ನನ್ನು ಕಳ್ಳನಂತೆ ನೇಣಿಗೆ ಹಾಕಬಾರದು, ಫಿರಂಗಿಯ ಬಾಯಿಗೆ ಕಟ್ಟಿ ಹಾರಿಸಬೇಕು ಎಂದು ಮಾತ್ರ ರಾಜನು ಕೇಳಿಕೊಂಡನಂತೆ. ಬಂಡಾಯಕ್ಕೆ ಪ್ರೇರಿಸಿದವರ ಹೆಸರನ್ನು ಹೇಳಿದರೆ ಕ್ಷಮೆ ದೊರೆಯಬಹುದೆಂಬ ಆಶೆಯನ್ನು ತೋರಿಸಿದಾಗ ಅವನು ಒಬ್ಬನ ಹೆಸರನ್ನೂ ಹೇಳಲಿಲ್ಲ. ಇದನ್ನು ಬರೆದವನು ಟೇಲರನೇ. ಅವನ ಮರಣಾನಂತರ ೧೮೭೭ರಲ್ಲಿ ಹೊರಬಂದ ಆತ್ಮಕಥೆಯಲ್ಲಿ ರಾಜನು ಹಾದಿ ತಪ್ಪಿದ ಮುದ್ದಿನ ಮಗನಾಗಿಯೇ ಕಾಣಿಸುವನು. ಕುಡಿತ, ದುಸ್ಸಂಗ, ದುಂದು ಎಲ್ಲವೂ ವಿವರವಾಗಿ ಬರುವುವು. ಹೆಸರುಗಳನ್ನು ಹೇಳದೆ ಬಾಯ್ಮುಚ್ಚಿಕೊಂಡ ಇಪ್ಪತ್ತುನಾಲ್ಕರ ತರುಣನ ದೃಢತೆಯನ್ನು ದಾಖಲಿಸಿದ ಅದೇ ಲೇಖನಿಯು ಅದಕ್ಕೆ ವಿಶೇಷ ಬೆಲೆಯನ್ನು ಕಟ್ಟಲಿಲ್ಲ. ವಾಗಣಗೇರಾದ ಗುಡ್ಡವನ್ನು ಹತ್ತಿ ಬಂದ ವಾಚಕನಿಗೆ ಆ ಮೌನವು ಪಿಡ್ಡನಾಯಕನ ವಂಶದ ಮಾತಾಗಿ ಕೇಳಿಸುವುದು. ನೆಟ್ಟಗೆ ಮಂಜಿಲಿಗೆ ಬಂದವನಿಗೆ ಕೇಳಿಸುವುದು ಟೇಲರನ ನಿಟ್ಟುಸಿರು ಮಾತ್ರ.

ಮೊದಲು ಮರಣದಂಡನೆಯೆಂದು ತೀರ್ಪಾಗಿ, ಅದು ಇಳಿದು, ಕಡೆಗೆ ಮದರಾಸಿನ ಕಡೆಯ ಚೆಂಗಲ್ಪಟ್ಟಿನಲ್ಲಿ ನಾಲ್ಕು ವರ್ಷಗಳ ಸೆರೆಯಾಯಿತು. ನಡತೆಯು ತೃಪ್ತಿಕರವಾದರೆ ರಾಜ್ಯವನ್ನು ಮರಳಿ ಕೊಡುವ ಮಾತೂ ಇದ್ದಿತು. ೧೮೫೮ರ ಮೇ ತಿಂಗಳಲ್ಲಿ ಹೈದರಾಬಾದಿನಿಂದ ಹೊರಟ ಮೊದಲನೆಯ ಬಿಡಾರದಲ್ಲಿಯೇ, ಕಾವಲಿನ ಅಧಿಕಾರಿಯ ಪಿಸ್ತೂಲಿನಿಂದ ಗುಂಡು ಹಾರಿ ರಾಜನು ಸತ್ತನು. ತಾನೇ ಹಾರಿಸಿಕೊಂಡನೆಂದು ಟೇಲರನು ಬರೆದಿದ್ದಾನೆ. ಇಪ್ಪತ್ತನಾಲ್ಕನೆಯ ವರ್ಷದಲ್ಲಿ ಮರಣವೆಂದು ಜಾತಕದಲ್ಲಿದ್ದುದನ್ನು ರಾಣಿಯು ತನಗೆ ಹಿಂದೆಯೇ ತಿಳಿಸಿದ್ದಳೆಂದೂ ಸೇರಿಸಿದ್ದಾನೆ. ಬಾಗಿಲ ಹೊರಗಿದ್ದವರೆಲ್ಲರೂ ಕಂಪನಿಯ ಕಡೆಯವರು. ಜಾತಕವು ಎಲ್ಲರ ಹೊಣೆಯನ್ನೂ ಒಂದೇ ಸಲಕ್ಕೆ ಇಳಿಸಿಬಿಡುವುದು ಓದುವವರ ಗಮನಕ್ಕೆ ಬಾರದಿರದು.

ಸಂಸ್ಥಾನವನ್ನು ಜಪ್ತು ಮಾಡಿ, ೧೮೬೦ರಲ್ಲಿ ಅದನ್ನು ನಿಜಾಮನಿಗೆ ಬಳುವಳಿಯಾಗಿ ಕೊಟ್ಟರು. ಗದರಿನ ಕಾಲದಲ್ಲಿ ತೋರಿದ ನಿಷ್ಠೆಗೆ ಅದು ಸಂಭಾವನೆ. ಪ್ಯಾರಿಸಿನಲ್ಲಿ ತುಳಿಯುವ ಬೈಸಿಕಲ್ಲು ಬಳಕೆಗೆ ಬಂದುದೂ ಅದೇ ದಶಕದಲ್ಲಿ. ಅದರ ಮೇಲೆ ಕುಳಿತು ಸುರಪುರಕ್ಕೆ ಬರಬಹುದಾದ ಕಾಲಕ್ಕೆ ಅರಮನೆಯಲ್ಲಿ ಆಳುವ ರಾಜನಿರಲಿಲ್ಲ. ೧೯೪೮ರ ಸೆಪ್ಟೆಂಬರಿನಲ್ಲಿ ನಿಜಾಮನ ಆಳಿಕೆಯೂ ಮುಗಿಯಿತು. ೧೯೫೬ರಲ್ಲಿ ಸೀಮೆಯು ಕನ್ನಡ ನಾಡನ್ನು ಕೂಡಿಕೊಂಡಿತು. ಟೇಲರನ ಮನೆಯು ಸರಕಾರದ ಅತಿಥಿಗೃಹವಾಯಿತು. ಅದರ ಅಂಗಳದಿಂದ ಇಳಿಯುವ ದಾರಿಯಲ್ಲಿ ಬೈಸಿಕಲ್ಲನ್ನು ತುಳಿಯಬೇಕಾದುದಿಲ್ಲ. ಬಿಗಿಹಿಡಿದು ಕುಳಿತರೆ ಸಾಕು, ಅದು ತಾನಾಗಿಯೇ ಊರೊಳಕ್ಕೆ ಕರೆದೊಯ್ಯುವುದು.