ಶಿಸ್ತುಕ್ರಮ, ಜ್ಯೇಷ್ಠತೆ ಮತ್ತು ಬಡ್ತಿ: ಚಿತ್ರದುರ್ಗ ಜಿಲ್ಲೆಯ ಸರ್ಕಾರಿ ಸೇವೆ

ಶಿಕ್ಷೆಯಾದರೆ ಜ್ಯೇಷ್ಠತೆ ಹೋಯಿತು ಎಂಬ ಮಾತು ಸರ್ಕಾರಿ ಕಚೇರಿಗಳಲ್ಲಿ ಬೇರೂರಿದೆ. ಸೇವಾ ನಿಯಮಗಳು ಹಾಗೆ ಹೇಳುವುದಿಲ್ಲ. ವಾಗ್ದಂಡನೆಯಾಗಲಿ ವಾರ್ಷಿಕ ವೇತನ ಬಡ್ತಿಯ ತಡೆಯಾಗಲಿ ಜ್ಯೇಷ್ಠತಾ ಪಟ್ಟಿಯಲ್ಲಿ ನೌಕರನ ಸ್ಥಾನವನ್ನು ಕದಲಿಸುವುದಿಲ್ಲ. ನಷ್ಟವಾಗುವುದು ಮೇಲಿನ ವೃಂದದಲ್ಲಿ.

ಹಳೆಯ ಮೈಸೂರಿನ ಹಳ್ಳಿಗಳಲ್ಲಿ ಜ್ಯೇಷ್ಠತೆಯ ಪ್ರಶ್ನೆಗೆ ಆಸ್ಪದವೇ ಇರಲಿಲ್ಲ. ಶಾನುಭೋಗ, ಪಟೇಲ ಹುದ್ದೆಗಳು ವಂಶಪಾರಂಪರ್ಯವಾಗಿದ್ದವು, ಮೇಲೇರಲು ಮೆಟ್ಟಿಲಿರಲಿಲ್ಲ. 1961ರ ಗ್ರಾಮ ಹುದ್ದೆಗಳ ರದ್ದತಿ ಕಾಯ್ದೆ 1963ರಲ್ಲಿ ಜಾರಿಯಾಗಿ, ಅವರ ಜಾಗಕ್ಕೆ ಗ್ರಾಮ ಲೆಕ್ಕಿಗರು ಬಂದರು. ಅಷ್ಟರಲ್ಲಿ ರಾಜ್ಯ ಪುನರ್ವಿಂಗಡಣೆಯ ಬೆನ್ನಿಗೇ ಎರಡು ನಿಯಮಾವಳಿಗಳು ಸಿದ್ಧವಾಗಿದ್ದವು: 1957ರ ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ ನಿಯಮಗಳು ಹಾಗೂ ಅದೇ ವರ್ಷದ ಜ್ಯೇಷ್ಠತಾ ನಿಯಮಗಳು. ಶಿಕ್ಷೆಗೆ ಒಂದು, ಹಿರಿತನಕ್ಕೆ ಇನ್ನೊಂದು. ಇವೆರಡೂ ಸಂಧಿಸುವಲ್ಲೇ ಇಂದಿನ ಗೊಂದಲವೂ ಇದೆ.

ಗ್ರಾಮ ಲೆಕ್ಕಿಗ (ಈಗ ಗ್ರಾಮ ಆಡಳಿತ ಅಧಿಕಾರಿ) ಜಿಲ್ಲಾ ವೃಂದದ ಹುದ್ದೆ. ನೇಮಕಾತಿ ಪ್ರಾಧಿಕಾರಿ ಜಿಲ್ಲಾಧಿಕಾರಿ. ಹಾಗಾಗಿ ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ ಮೊದಲಾದ ತಾಲ್ಲೂಕುಗಳ ನೌಕರರೆಲ್ಲ ಒಂದೇ ಪಟ್ಟಿಯಲ್ಲಿ ಬರುತ್ತಾರೆ. ಹೊಸದುರ್ಗದವರೊಬ್ಬರಿಗೆ ಎರಡು ವರ್ಷ ವೇತನ ಬಡ್ತಿ ತಡೆಹಿಡಿದರು ಎನ್ನೋಣ. ಆ ಅವಧಿಯಲ್ಲಿ ರಾಜಸ್ವ ನಿರೀಕ್ಷಕರ ಹುದ್ದೆ ತೆರವಾದರೆ ಪಟ್ಟಿಯಲ್ಲಿ ಅವರಿಗಿಂತ ಕೆಳಗಿರುವ ಹಿರಿಯೂರಿನವರಿಗೆ ಬಡ್ತಿ ಸಿಗುತ್ತದೆ. ಶಿಕ್ಷೆ ಮುಗಿದ ಮೇಲೆ ಇವರಿಗೂ ಬಡ್ತಿ ಬಂದೀತು. ಆದರೆ ಹೊಸ ವೃಂದದ ಜ್ಯೇಷ್ಠತೆ ಅಲ್ಲಿಗೆ ಬಡ್ತಿ ಪಡೆದ ದಿನದಿಂದ ಎಣಿಕೆಯಾಗುವುದರಿಂದ ಕಿರಿಯರಾಗಿದ್ದವರು ಅಲ್ಲಿ ಹಿರಿಯರಾಗಿರುತ್ತಾರೆ. ಎರಡು ವರ್ಷದ ಶಿಕ್ಷೆಯ ಪರಿಣಾಮ ನಿವೃತ್ತಿಯವರೆಗೂ ಉಳಿಯುವುದು ಹೀಗೆ. ಶಿಕ್ಷೆಯ ಆದೇಶದ ಯಾವ ಸಾಲಿನಲ್ಲೂ ಇದು ಬರೆದಿರುವುದಿಲ್ಲ. ಕೆಳಹುದ್ದೆಗೆ ಇಳಿಸುವ ಶಿಕ್ಷೆಯ ಸ್ವರೂಪ ಬೇರೆ: ಮರಳಿ ಬಂದಾಗ ಜ್ಯೇಷ್ಠತೆ ಏನಾಗಬೇಕೆಂಬುದನ್ನು ಆ ಆದೇಶದಲ್ಲೇ ಹೇಳಲು ಅವಕಾಶವಿದೆ.

ಶಿಕ್ಷೆಯ ಜೊತೆಗೆ ಬಡ್ತಿಯೂ ತಪ್ಪುವುದು ಒಂದೇ ತಪ್ಪಿಗೆ ಎರಡು ಶಿಕ್ಷೆಯಲ್ಲವೇ ಎಂಬ ವಾದ ದೇಶದಾದ್ಯಂತ ನ್ಯಾಯಾಲಯಗಳ ಮೆಟ್ಟಿಲೇರಿತು. 1991ರಲ್ಲಿ ಕೆ.ವಿ. ಜಾನಕಿರಾಮನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ ತೀರ್ಪು ಈ ಇತಿಹಾಸದ ನಿಜವಾದ ತಿರುವು. ತಪ್ಪಿತಸ್ಥನಾದ ನೌಕರನನ್ನು ಉಳಿದವರ ಸಮಾನನೆಂದು ಕಾಣಬೇಕಾಗಿಲ್ಲ. ಬಡ್ತಿ ತಪ್ಪುವುದು ಅವನ ನಡತೆಯ ಫಲವೇ ಹೊರತು ಎರಡನೆಯ ದಂಡನೆಯಲ್ಲ ಎಂದಿತು ನ್ಯಾಯಾಲಯ. ಜೊತೆಗೇ ನೌಕರರ ಪರವಾಗಿಯೂ ಒಂದು ಗೆರೆ ಎಳೆಯಿತು. ದೋಷಾರೋಪಣ ಪಟ್ಟಿ ಜಾರಿಯಾದ ಮೇಲಷ್ಟೇ ಮೊಹರು ಮಾಡಿದ ಲಕೋಟೆಯ ಪದ್ಧತಿ, ಅಂದರೆ ಬಡ್ತಿಯ ಬಗೆಗಿನ ತೀರ್ಮಾನವನ್ನು ವಿಚಾರಣೆ ಮುಗಿಯುವವರೆಗೆ ತೆರೆಯದೆ ಇಡುವ ಕ್ರಮ, ಅನ್ವಯಿಸುತ್ತದೆ. ಬರಿಯ ದೂರು, ಪ್ರಾಥಮಿಕ ತನಿಖೆ ಸಾಲದು. ಆರೋಪಮುಕ್ತರಾದರೆ ಲಕೋಟೆ ತೆರೆದು, ಅವರಿಗಿಂತ ಕಿರಿಯರಿಗೆ ಬಡ್ತಿ ಸಿಕ್ಕ ದಿನದಿಂದಲೇ ಬಡ್ತಿ, ಜ್ಯೇಷ್ಠತೆ ಕೊಡಬೇಕು. ವೇತನ ಬಾಕಿಯನ್ನು ಮಾತ್ರ ಸಂದರ್ಭ ನೋಡಿ ಪ್ರಾಧಿಕಾರ ತೀರ್ಮಾನಿಸಬಹುದು. 1995ರಲ್ಲಿ ತಮಿಳುನಾಡಿನ ಮುರುಗೇಶನ್ ಪ್ರಕರಣವೂ ಶಿಕ್ಷೆಯ ಅವಧಿಯಲ್ಲಿ ಬಡ್ತಿ ಕೇಳುವಂತಿಲ್ಲ ಎಂಬುದನ್ನೇ ಗಟ್ಟಿಮಾಡಿತು.

ಜ್ಯೇಷ್ಠತಾ ಪಟ್ಟಿಗಳು ಶಿಸ್ತುಕ್ರಮದ ಹೊರಗಿನ ಕಾರಣಗಳಿಂದಲೂ ಬದಲಾಗುತ್ತವೆ. 1997ರ ಆಗಸ್ಟ್ 15ರಂದು ದಾವಣಗೆರೆ ಪ್ರತ್ಯೇಕ ಜಿಲ್ಲೆಯಾಯಿತು; ದಾವಣಗೆರೆ, ಹರಿಹರ, ಜಗಳೂರು ತಾಲ್ಲೂಕುಗಳು ಚಿತ್ರದುರ್ಗದಿಂದ ಹೊರಬಿದ್ದವು. ಜಿಲ್ಲಾ ವೃಂದಗಳಿಗೆ ಜಿಲ್ಲೆಯ ಗಡಿಯೇ ಗಡಿ. 2017ರಲ್ಲಿ ಬಿ.ಕೆ. ಪವಿತ್ರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ ತೀರ್ಪಿನ ನಂತರ ರಾಜ್ಯದಲ್ಲಿ ನಡೆದ ಪಟ್ಟಿಗಳ ಪರಿಷ್ಕರಣೆ ಮೀಸಲಾತಿ ಬಡ್ತಿಗೆ ಸಂಬಂಧಿಸಿದ್ದು. ಅದನ್ನು ಶಿಸ್ತುಕ್ರಮದೊಂದಿಗೆ ಬೆರೆಸಬಾರದು.

ಶಿಸ್ತುಕ್ರಮದಲ್ಲಿ ಈಗಿನ ದೊಡ್ಡ ತೊಡಕು ವಿಚಾರಣೆಯ ವಿಳಂಬ. 1957ರ ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ ನಿಯಮಗಳ ನಿಯಮ 14-ಎ ಅಡಿ ಇಲಾಖಾ ವಿಚಾರಣೆಯನ್ನು ಲೋಕಾಯುಕ್ತಕ್ಕೆ ವಹಿಸಬಹುದು. ವರದಿ ಬಂದ ಮೇಲೆ ಶಿಕ್ಷೆ ವಿಧಿಸುವುದು ಸರ್ಕಾರ.  ವಿಚಾರಣೆಯನ್ನು ಆರು ತಿಂಗಳಲ್ಲಿ, ಅನಿವಾರ್ಯವಾದರೆ ಒಂದು ವರ್ಷದೊಳಗೆ ಮುಗಿಸಬೇಕೆಂದು 2015ರಲ್ಲೇ ಪ್ರೇಮ್‌ನಾಥ್ ಬಾಲಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ನಿರ್ದೋಷಿ ನೌಕರನಿಗೆ ಈ ಮಿತಿ ಮುಖ್ಯ: ನಿವೃತ್ತಿಯ ನಂತರ ಲಕೋಟೆ ತೆರೆದರೆ ಪಿಂಚಣಿಯ ಲೆಕ್ಕ ಸರಿಹೋಗಬಹುದು, ಆ ಹುದ್ದೆಯಲ್ಲಿ ಕೂತು ಕೆಲಸ ಮಾಡುವ ಅವಕಾಶ ಮಾತ್ರ ಮರಳಿ ಸಿಗುವುದಿಲ್ಲ. ಬಡ್ತಿ ನಿರಾಕರಣೆಯನ್ನು ಪ್ರಶ್ನಿಸುವ ಜಿಲ್ಲೆಯ ನೌಕರರು 1986ರಲ್ಲಿ ಆರಂಭವಾದ ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ ಮೊರೆಹೋಗುತ್ತಾರೆ.