ಕಾಲ್ಚೆಂಡಿನಿಂದ ಅನ್ನ

1960ನೆಯ ಇಸವಿಯಲ್ಲಿ ಒಲಿಂಪಿಕ್ ಕ್ರೀಡೋತ್ಸವಕ್ಕೆಂದು ಇಟಲಿಗೆ ತೆರಳಿದ ಭಾರತದ ಕಾಲ್ಚೆಂಡು ತಂಡವು ತನ್ನ ಪಾಲಿನ ಮೂರು ಪಂದ್ಯಗಳಲ್ಲಿ ಒಂದನ್ನೂ ರೋಮಾನಗರದಲ್ಲಿ ಆಡಲಿಲ್ಲ. ಹಂಗೇರಿಯೊಡನೆ ಪರ್ವತಗಳ ನಡುವಣ ಲಾಕ್ವಿಲ ಪಟ್ಟಣದಲ್ಲಿಯೂ, ಫ್ರಾನ್ಸಿನೊಡನೆ ಟಸ್ಕನಿಯ ಗ್ರೊಸ್ಸೆತೊವಿನಲ್ಲಿಯೂ, ಪೆರುವಿನೊಡನೆ ಸಮುದ್ರತೀರದ ಪೆಸ್ಕಾರದಲ್ಲಿಯೂ ಆಡಿ, ಮೊದಲನೆಯದನ್ನು 1–2ರಿಂದ ಕಳೆದುಕೊಂಡು, ಎರಡನೆಯದನ್ನು 1–1ರಲ್ಲಿ ಸಮಮಾಡಿಕೊಂಡು, ಮೂರನೆಯದರಲ್ಲಿ 1–3ರಿಂದ ಪರಾಭವಗೊಂಡು ಹಿಂದಿರುಗಿತು. ಆ ತಂಡದ ಮಧ್ಯಪಂಕ್ತಿಯಲ್ಲಿ ನಿಂತು ಆಡಿದವರಲ್ಲಿ ಬೆಂಗಳೂರಿನ ಎಂ. ಕೆಂಪಯ್ಯನವರೊಬ್ಬರು, ಅದಕ್ಕೆ ನಾಲ್ಕು ವರ್ಷ ಮೊದಲು ಮೆಲ್ಬರ್ನಿನಲ್ಲಿ ಭಾರತವು ನಾಲ್ಕನೆಯ ಸ್ಥಾನವನ್ನು ಪಡೆದಾಗಲೂ ಅವರು ತಂಡದಲ್ಲಿದ್ದವರು. ಕನ್ನಡ ನಾಡಿನ ಆಟಗಾರನೊಬ್ಬನ ಪಾದಸ್ಪರ್ಶವನ್ನು ಕಂಡ ಆ ಮೂರು ಪಟ್ಟಣಗಳು ಇಟಲಿಯ ಕಾಲ್ಚೆಂಡಿನ ರಾಜಧಾನಿಗಳಾಗಿರಲಿಲ್ಲವೆಂಬುದೇ ನನಗೆ ಇಲ್ಲಿ ಮುಖ್ಯವಾಗಿ ತೋರುವ ಸಂಗತಿ. ಅಂದಿಗೆ ಅವುಗಳಲ್ಲಿ ಒಂದೂ ಅಗ್ರಶ್ರೇಣಿಯ ಮುಖವನ್ನು ಕಂಡಿರಲಿಲ್ಲ. ಕೆಳಗಣ ಶ್ರೇಣಿಗಳಲ್ಲಿ ವರ್ಷಾನುವರ್ಷ ಏರುತ್ತ ಇಳಿಯುತ್ತ, ಸಾವಿರಾರು ಅನಾಮಧೇಯ ಆಟಗಾರರಿಗೆ ಅಷ್ಟಿಷ್ಟು ಸಂಬಳವನ್ನು ಕೊಟ್ಟು ಸಾಕುತ್ತ ಬಂದ ಊರುಗಳು ಅವು.

ಆಟವನ್ನೇ ಉದ್ಯೋಗವನ್ನಾಗಿ ಮಾಡಿಕೊಳ್ಳುವುದಕ್ಕೆ ಇಟಲಿಯಲ್ಲಿ ಶಾಸನದ ಒಪ್ಪಿಗೆ ಒಮ್ಮೆಗೇ ದೊರೆಯಲಿಲ್ಲ. 1926ರಲ್ಲಿ ವಿಯರೆಜ್ಜೊ ಎಂಬಲ್ಲಿ ರಚಿತವಾದ ನಿಬಂಧನೆಗಳು ಆಟಗಾರರನ್ನು ಹವ್ಯಾಸಿಗಳೆಂದೂ ಹವ್ಯಾಸಿಗಳಲ್ಲದವರೆಂದೂ ವಿಂಗಡಿಸಿ, ‘ವೃತ್ತಿ’ ಎಂಬ ಮಾತನ್ನು ಬಾಯಿಬಿಟ್ಟು ಆಡದೆಯೇ ಅದಕ್ಕೆ ಬಾಗಿಲನ್ನು ತೆರೆದವು. 1929–30ರಲ್ಲಿ ಇಡೀ ದೇಶಕ್ಕೆ ಒಂದೇ ಅಗ್ರಶ್ರೇಣಿ ಏರ್ಪಟ್ಟಿತು. 1935ರಲ್ಲಿ ಮೂರನೆಯದಾದ ಸೀರಿ ‘ಸಿ’ ಹುಟ್ಟಿತು. ಈ ಮೂರನೆಯ ಶ್ರೇಣಿಯೇ ಮೇಲೆ ಹೇಳಿದ ಅನಾಮಧೇಯ ಆಟಗಾರನ ಮನೆ. ಅಲ್ಲಿ ಆಡುವವನು ಬಹುಕಾಲ ಅರೆವೃತ್ತಿಯವನಾಗಿಯೇ ಉಳಿದನು. ಅಷ್ಟೇ ಅಲ್ಲ, ಒಪ್ಪಂದದ ಅವಧಿ ಮುಗಿದ ಮೇಲೂ ಅವನ ನೋಂದಣಿಯು ಕ್ಲಬ್ಬಿನ ಸ್ವತ್ತಾಗಿಯೇ ಇರುತ್ತಿದ್ದುದರಿಂದ, ತಾನು ಯಾವ ಊರಿನ ಪರವಾಗಿ ಆಡಬೇಕೆಂಬುದನ್ನು ತಾನೇ ನಿಶ್ಚಯಿಸುವ ಸ್ವಾತಂತ್ರ್ಯವೂ ಅವನಿಗೆ ಇರಲಿಲ್ಲ. 1981ರ 91ನೆಯ ಕಾನೂನು ವೃತ್ತಿ ಆಟಗಾರನನ್ನು ಇತರ ದುಡಿಮೆಗಾರರಂತೆ ನೌಕರನೆಂದು ಅಂಗೀಕರಿಸಿ, ಆ ಬಂಧನವನ್ನು ಕ್ರಮಕ್ರಮವಾಗಿ ತೊಡೆದುಹಾಕಿತು. ಆದರೆ ಮೂರನೆಯ ಶ್ರೇಣಿಗೂ ಕೆಳಗಿನ ಹವ್ಯಾಸಿ ಶ್ರೇಣಿಗಳಲ್ಲಿ ಆ ಬಂಧನವು ಒಂದಲ್ಲ ಒಂದು ರೂಪದಲ್ಲಿ 2023ರ ಪರ್ಯಂತ ಉಳಿದುಕೊಂಡಿತು. ಈಗ ಅಗ್ರಶ್ರೇಣಿಯಲ್ಲಿ 20, ಎರಡನೆಯದರಲ್ಲಿ 20, ಮೂರನೆಯದರ ಮೂರು ಗುಂಪುಗಳಲ್ಲಿ 60, ಹೀಗೆ ನೂರು ಕ್ಲಬ್ಬುಗಳು ಕಾನೂನಿನ ದೃಷ್ಟಿಯಲ್ಲಿ ವೃತ್ತಿಯವು.

ಈ ಬದುಕು ಎಷ್ಟು ಅಸ್ಥಿರವೆಂಬುದಕ್ಕೆ ಲಾಕ್ವಿಲದ ಇತಿಹಾಸವೊಂದೇ ಸಾಕು. 1934ರಲ್ಲಿ ಎರಡನೆಯ ಶ್ರೇಣಿಗೆ ಏರಿ ತನ್ನ ಸೀಮೆಗೆಲ್ಲ ಕೀರ್ತಿಯನ್ನು ತಂದ ಆ ತಂಡವು ಎರಡು ವರ್ಷಗಳ ತರುವಾಯ, 1936ರ ಅಕ್ಟೋಬರಿನಲ್ಲಿ, ಪಂದ್ಯಕ್ಕಾಗಿ ಪ್ರಯಾಣ ಮಾಡುತ್ತಿದ್ದ ರೈಲು ಕೊಂತಿಲಿಯಾನೊವಿನ ಬಳಿ ಅಪಘಾತಕ್ಕೆ ಸಿಕ್ಕು, ತರಬೇತಿದಾರ ಅತ್ತಿಲಿಯೊ ಬುರಾತ್ತಿ ಮೃತಪಟ್ಟು, ಬಹುಮಂದಿ ಆಟಗಾರರು ಗಾಯಗೊಂಡರು. ಗ್ರೊಸ್ಸೆತೊವಾದರೋ 2007ರಲ್ಲಿ ಮೊತ್ತಮೊದಲು ಎರಡನೆಯ ಶ್ರೇಣಿಯನ್ನು ಮುಟ್ಟಿ, ದಶಕ ತುಂಬುವುದರೊಳಗೆ ಹಣವಿಲ್ಲದೆ ವೃತ್ತಿಶ್ರೇಣಿಗಳಿಂದಲೇ ಹೊರಬಿದ್ದಿತು. ಊರಿನ ಅಭಿಮಾನವೊಂದು, ಊರಿನ ಒಬ್ಬ ಧನಿಕನ ಔದಾರ್ಯವೊಂದು, ಇವೆರಡರ ಮೇಲೆ ನಿಂತ ಆ ವ್ಯವಸ್ಥೆಯಲ್ಲಿ ಧನಿಕನು ಕೈ ಬಿಟ್ಟ ವರ್ಷ ಆಟಗಾರನ ಸಂಬಳವೂ ನಿಲ್ಲುತ್ತಿತ್ತು. ಮೂವತ್ತೈದರ ವಯಸ್ಸಿಗೆ ಕಾಲಿನ ಕಸುವು ಕುಂದಿದ ಮೇಲೆ ಅವನ ಕೈಯಲ್ಲಿ ಬೇರೆ ಕಸುಬೂ ಇರುತ್ತಿರಲಿಲ್ಲ.

ಇನ್ನು ನಮ್ಮ ಕನ್ನಡ ನಾಡಿಗೆ ಈ ಆಟ ಬಂದುದು ದಂಡಿನ ದಾರಿಯಿಂದ. ಬಳ್ಳಾರಿ ಸೀಮೆಯು 1800ರಲ್ಲಿ ನಿಜಾಮನಿಂದ ಕುಂಪಣಿಗೆ ಹಸ್ತಾಂತರವಾದ ಮೇಲೆ ಬೆಟ್ಟದ ಕೋಟೆಯ ಆಚೆಗೆ ಬೆಳೆದ ಕಂಟೋನ್ಮೆಂಟು, ಅದರ ಮಗ್ಗುಲಲ್ಲಿ ಹಬ್ಬಿದ ಕೌಲ್ ಬಜಾರು, ಇವೆಲ್ಲ ಆ ಯುಗದ ಗುರುತುಗಳು. ಆದರೆ ಬಳ್ಳಾರಿಗಿಂತಲೂ ಬೆಂಗಳೂರಿನ ದಂಡಿನಲ್ಲಿ ಈ ಆಟ ಆಳವಾಗಿ ಬೇರೂರಿತು. ಗೋರಾ ಸೈನಿಕರ ಆಟವನ್ನು ಬೇಲಿಯಾಚೆಯಿಂದ ನೋಡಿ, ಬರಿಗಾಲಿನಲ್ಲಿಯೇ ಅದನ್ನು ಕೈವಶ ಮಾಡಿಕೊಂಡ ಬಡಾವಣೆಗಳ ಹುಡುಗರು ಎಷ್ಟು ಬೇಗ ನಿಪುಣರಾದರೆಂದರೆ, ದಶಕಗಳ ಕಾಲ ಸೈನ್ಯದ ತಂಡಗಳ ಸ್ವತ್ತಾಗಿದ್ದ ಮುಂಬಯಿಯ ರೋವರ್ಸ್ ಕಪ್ಪನ್ನು 1937ರಲ್ಲಿ ಗೆದ್ದ ಮೊದಲ ಭಾರತೀಯ ನಾಗರಿಕ ತಂಡವೆಂಬ ಹೆಸರು ಬೆಂಗಳೂರು ಮುಸ್ಲಿಮ್ಸ್ ಸಂಘಕ್ಕೆ ಸಂದಿತು. ಮರುವರ್ಷವೂ ಆ ಕಪ್ಪು ಅವರಲ್ಲಿಯೇ ಉಳಿಯಿತು. 1946ರಲ್ಲಿ ಪ್ರಾಂತ್ಯಗಳ ನಡುವಣ ಸಂತೋಷ್ ಟ್ರೋಫಿ ಮೈಸೂರಿಗೆ ಬಂದಿತು. 1948ರ ಲಂಡನ್ ಒಲಿಂಪಿಕ್ಕಿನಲ್ಲಿ ಸ್ವತಂತ್ರ ಭಾರತದ ಮೊದಲ ಗೋಲನ್ನು ಫ್ರಾನ್ಸಿನ ವಿರುದ್ಧ ಹೊಡೆದವರು ಬೆಂಗಳೂರಿನ ಸಾರಂಗಪಾಣಿ ರಾಮನ್. ಬೂಟು ತೊಡದೆ ಆಡುತ್ತಿದ್ದ ಅಹಮದ್ ಖಾನರ ಚೆಂಡಿನ ಹಿಡಿತವನ್ನು ಕಂಡವರು ಬದುಕಿರುವವರೆಗೂ ಅದನ್ನು ವರ್ಣಿಸುತ್ತಿದ್ದರು.

ಇವರಿಗೆ ಅನ್ನ ಎಲ್ಲಿಂದ? ಹೆಸರು ಮಾತ್ರ ಇಲ್ಲಿ, ಹಣ ಕಲ್ಕತ್ತೆಯಲ್ಲಿ. ರಾಮನ್ನರು ಮೋಹನ್ ಬಾಗಾನನ್ನು ಸೇರಿದರು. ಅಹಮದ್ ಖಾನರು ಈಸ್ಟ್ ಬೆಂಗಾಲನ್ನು ಸೇರಿ, ಅಲ್ಲಿಯ ಜನ ‘ಪಂಚ ಪಾಂಡವರು’ ಎಂದು ಕೊಂಡಾಡಿದ ಐವರು ಮುಂಪಂಕ್ತಿಯವರಲ್ಲಿ ಒಬ್ಬರಾದರು. ಬೆಂಗಳೂರಿನ ಧನರಾಜರೂ ಆ ಐವರಲ್ಲಿ ಸೇರಿದವರೇ. ಕಾಗದದ ಮೇಲೆ ಎಲ್ಲರೂ ಹವ್ಯಾಸಿಗಳು. ವಾಸ್ತವದಲ್ಲಿ ಊರು ಬಿಟ್ಟು, ಭಾಷೆ ಬಿಟ್ಟು, ಚೆಂಡಿನ ಬೆನ್ನು ಹತ್ತಿ ಹೋದ ದುಡಿಮೆಗಾರರು. ಕೆಂಪಯ್ಯನವರ ದಾರಿಯೂ ಕಲ್ಕತ್ತೆಗೇ ಹೋಯಿತು.

ಆದರೆ ಅಷ್ಟು ಎತ್ತರಕ್ಕೆ ಏರದವರ, ಎರಡನೆಯ ಸಾಲಿನವರ ಕಥೆ ಬೇರೆ; ನನ್ನ ಮನಸ್ಸು ನಿಲ್ಲುವುದು ಅವರಲ್ಲಿಯೇ. ಇಟಲಿಯಲ್ಲಿ ಊರಿನ ಧನಿಕನು ಮಾಡಿದ ಕೆಲಸವನ್ನು ನಮ್ಮಲ್ಲಿ ಮಾಡಿದುದು ಕಾರ್ಖಾನೆ. 1940ರಲ್ಲಿ ವಿಮಾನ ಕಾರ್ಖಾನೆ, 1948ರಲ್ಲಿ ದೂರವಾಣಿಯ ಐ.ಟಿ.ಐ., 1953ರಲ್ಲಿ ಎಚ್.ಎಂ.ಟಿ., 1954ರಲ್ಲಿ ಬಿ.ಇ.ಎಲ್., 1964ರಲ್ಲಿ ಬಿ.ಇ.ಎಂ.ಎಲ್. ಎಂದು ಬೆಂಗಳೂರಿನ ಸುತ್ತ ಒಂದಾದ ಮೇಲೊಂದು ಎದ್ದ ಈ ಉದ್ಯಮಗಳು ತಮ್ಮ ಕೀರ್ತಿಗಾಗಿ ತಂಡಗಳನ್ನು ಕಟ್ಟಿ, ಜಿಲ್ಲಾ ಲೀಗಿನಲ್ಲಿ ಪರಸ್ಪರ ಸೆಣಸುತ್ತಿದ್ದುವು. ಲೀಗಿನಲ್ಲಿ ಕಣ್ಣಿಗೆ ಬಿದ್ದ ಬಡಹುಡುಗನನ್ನು ಕ್ರೀಡಾ ಕೋಟಾದ ಮೇಲೆ ಸಹಾಯಕನನ್ನಾಗಿಯೋ ಫಿಟ್ಟರನ್ನಾಗಿಯೋ ಗುಮಾಸ್ತನನ್ನಾಗಿಯೋ ನೇಮಿಸಿಕೊಳ್ಳುವರು. ಬೆಳಗ್ಗೆ ಅಭ್ಯಾಸ, ಆಮೇಲೆ ಕೆಲಸ. ಟೂರ್ನಮೆಂಟಿನ ದಿನಗಳಿಗೆ ಸಂಬಳಸಹಿತವಾದ ವಿಶೇಷ ರಜೆ. ರಾಜ್ಯದ ಪರವಾಗಿ ಆಡಿದರೆ ಬಡ್ತಿಯ ಆಸೆ. ಆಟ ನಿಂತ ದಿನ ಕೆಲಸ ನಿಲ್ಲುತ್ತಿರಲಿಲ್ಲ. ಮೊಣಕಾಲು ಮುರಿದವನು ಮರುವಾರ ತನ್ನ ವಿಭಾಗಕ್ಕೆ ಹೋಗಿ ಹಾಜರಿ ಹಾಕಬಹುದಾಗಿತ್ತು. ಅವನಿಗೆ ಕ್ಯಾಂಟೀನಿನ ಊಟ, ಇ.ಎಸ್.ಐ. ಅಥವಾ ಕಾರ್ಖಾನೆಯ ಆಸ್ಪತ್ರೆ, ಪ್ರಾವಿಡೆಂಟ್ ಫಂಡು, ಮಕ್ಕಳ ಶಾಲೆ, ಇವೆಲ್ಲ ಇದ್ದುವು. ಈ ಆಟಗಾರನನ್ನು ‘ಅರ್ಧ ಆಟಗಾರ, ಅರ್ಧ ನೌಕರ’ ಎಂದು ಹೀನವಾಗಿ ಎಣಿಸುವವರು ಉಂಟು. ನಾನು ಅವರ ಪಕ್ಷದವನಲ್ಲ. ಇಟಲಿಯ ಮೂರನೆಯ ಶ್ರೇಣಿಯವನಿಗೆ ಐವತ್ತು ವರ್ಷಗಳಲ್ಲಿ ಕಾನೂನು ಕೊಡಲಾರದೆ ಹೋದ ಅಭಯವನ್ನು ನಮ್ಮ ಕಾರ್ಖಾನೆಯ ಹಾಜರಿಪುಸ್ತಕ ಕೊಟ್ಟಿತು. ಮೈಸೂರು ರಾಜ್ಯವು 1967ರಲ್ಲಿಯೂ 1968ರಲ್ಲಿಯೂ ಬೆನ್ನುಬೆನ್ನಿಗೆ ಸಂತೋಷ್ ಟ್ರೋಫಿಯನ್ನು ಗೆದ್ದುದು ಈ ಕಾರ್ಖಾನೆಗಳ ಯುಗದಲ್ಲಿಯೇ ಎಂಬುದು ಬರಿಯ ಆಕಸ್ಮಿಕವಲ್ಲ.

ಬಳ್ಳಾರಿಯ ಕಡೆಗೆ ತಿರುಗಿ ನೋಡಿದರೆ ಈ ಆಸರೆಯ ನೆರಳು ಅಲ್ಲಿಯವರೆಗೆ ಚಾಚಲಿಲ್ಲವೆಂಬುದು ಸ್ಪಷ್ಟವಾಗುವುದು. 1953ರ ಅಕ್ಟೋಬರ್ 1ರ ಪರ್ಯಂತ ಆ ಜಿಲ್ಲೆ ಮದರಾಸಿಗೆ ಸೇರಿದ್ದಿತು. ಮೈಸೂರಿನ ತಂಡದ ಬಾಗಿಲು ಬಳ್ಳಾರಿಯ ಹುಡುಗನಿಗೆ ಪರರಾಜ್ಯದ ಬಾಗಿಲು, ಮದರಾಸಾದರೋ ದೂರ. ಸಮೀಪದಲ್ಲಿ ಇದ್ದುದು ರೈಲ್ವೆ: ಒಂದು ಕಡೆಗೆ ಗುಂತಕಲ್ಲು, ಇನ್ನೊಂದು ಕಡೆಗೆ ಹುಬ್ಬಳ್ಳಿಯ ಕಾರ್ಯಾಗಾರ. ಆಟಗಾರರಿಗೆ ನೌಕರಿ ಕೊಡುವುದರಲ್ಲಿ ರೈಲ್ವೆಯು ಕಾರ್ಖಾನೆಗಳಿಗಿಂತಲೂ ಹಳೆಯದು. ಅದರ ತಂಡವು 1961, 1964, 1966ರಲ್ಲಿ ಸಂತೋಷ್ ಟ್ರೋಫಿಯನ್ನು ಗೆದ್ದಿತು. ಕಲೆಯನ್ನು ಆರಾಧಿಸುತ್ತ ಹೊಟ್ಟೆಗೆ ಬೇರೆ ದಾರಿ ಹಿಡಿಯುವುದು ಬಳ್ಳಾರಿಗೆ ಅಪರಿಚಿತವಾದ ಧರ್ಮವೂ ಆಗಿರಲಿಲ್ಲ: ನಟಶ್ರೇಷ್ಠ ಬಳ್ಳಾರಿ ರಾಘವರು ಹಗಲಿನಲ್ಲಿ ನ್ಯಾಯಾಲಯದ ವಕೀಲರು, ರಾತ್ರಿ ರಂಗಮಂಚದ ರಾಜರು, ಐ.ಟಿ.ಐ.ಯ ಫಿಟ್ಟರನು ಮಧ್ಯಾಹ್ನದವರೆಗೆ ಯಂತ್ರದ ಮುಂದೆ ನಿಂತು ಸಂಜೆ ಮೈದಾನಕ್ಕೆ ಇಳಿದುದೂ ಅದೇ ತೆರನಾದ ಬದುಕು. ಆದರೆ ರಾಘವರಿಗೆ ವಿದ್ಯೆಯ ಬಲವಿದ್ದಿತು. ಹಲಕುಂದಿಯಂತಹ ಹಳ್ಳಿಯ, ಕುರುಗೋಡು ಸಿರುಗುಪ್ಪಗಳ ಎರೆಭೂಮಿಯ ಒಕ್ಕಲುಮಕ್ಕಳಿಗೆ ಅದು ಇರಲಿಲ್ಲ. ಬೇಸಗೆಯಲ್ಲಿ ಬಿರುಕುಬಿಟ್ಟು ಮಳೆಗಾಲದಲ್ಲಿ ಕಾಲಿಗೆ ಅಂಟಿಕೊಳ್ಳುವ ಆ ಕಪ್ಪು ಮಣ್ಣಿನಲ್ಲಿ ಚೆಂಡು ಆಡಿದವನಿಗೆ, ತನ್ನ ಆಟವನ್ನು ನೋಡಿ ಕೆಲಸಕ್ಕೆ ಕರೆಯುವ ಕಾರ್ಖಾನೆಯೊಂದು ಹತ್ತಿರದಲ್ಲಿ ಇಲ್ಲದಿದ್ದುದೇ ದೊಡ್ಡ ಕೊರತೆ. ಪ್ರತಿಭೆ ಬೆಂಗಳೂರಿನ ಕೆಲವು ಬಡಾವಣೆಗಳಲ್ಲಿ ಮಾತ್ರ ಹುಟ್ಟಿತೆಂದು ನಾನು ನಂಬಲಾರೆ. ಅನ್ನ ಸಿಕ್ಕುವ ಕಡೆ ಅದು ಕಾಣಿಸಿಕೊಂಡಿತು, ಅಷ್ಟೆ.

ಮುಂದಿನ ಕಾಲದಲ್ಲಿ ಆ ಅನ್ನವೂ ಕರಗಿತು. ತೊಂಬತ್ತರ ದಶಕದಿಂದೀಚೆಗೆ ಸರಕಾರಿ ಉದ್ಯಮಗಳ ನೇಮಕಾತಿ ಕುಗ್ಗಿತು, ಐ.ಟಿ.ಐ.ಯಂತಹ ಕಾರ್ಖಾನೆಗಳೇ ನಷ್ಟದಲ್ಲಿ ಮುಳುಗಿದುವು, ಎಚ್.ಎಂ.ಟಿ.ಯ ಗಡಿಯಾರದ ಘಟಕವನ್ನು ಮುಚ್ಚಲು 2016ರಲ್ಲಿ ನಿಶ್ಚಯವಾಯಿತು. ಅತ್ತ 1996ರಲ್ಲಿ ಆರಂಭವಾದ ರಾಷ್ಟ್ರೀಯ ಲೀಗು, 2007ರಲ್ಲಿ ಅದರ ಸ್ಥಾನಕ್ಕೆ ಬಂದ ಐ-ಲೀಗು, ಪೂರ್ಣಾವಧಿಯ ವೃತ್ತಿತಂಡಗಳನ್ನು ಅಪೇಕ್ಷಿಸಿದುವು. ಐ.ಟಿ.ಐ. ತಂಡ ಆ ರಾಷ್ಟ್ರೀಯ ಲೀಗಿನಲ್ಲಿ ಆಡಿತು. ವಿಮಾನ ಕಾರ್ಖಾನೆಯ ಎಚ್.ಎ.ಎಲ್. ತಂಡವು 2010ರಲ್ಲಿ ಎರಡನೆಯ ವಿಭಾಗದಿಂದ ಐ-ಲೀಗಿಗೆ ಏರಿ, ನೌಕರರನ್ನು ಕಟ್ಟಿಕೊಂಡು ಹಣವುಳ್ಳ ಕ್ಲಬ್ಬುಗಳೊಡನೆ ಎರಡು ಋತುಗಳ ಕಾಲ ಸೆಣಸಿ, 2012ರಲ್ಲಿ ಕೆಳಗಿಳಿಯಿತು. ಮರುವರ್ಷವೇ ಬೆಂಗಳೂರು ಎಫ್.ಸಿ. ಹುಟ್ಟಿ, ತನ್ನ ಮೊದಲ ಋತುವಿನಲ್ಲಿಯೇ ಐ-ಲೀಗನ್ನು ಗೆದ್ದುಕೊಂಡಿತು. ಒಂದು ಯುಗದ ಮುಕ್ತಾಯವೂ ಇನ್ನೊಂದರ ಪ್ರಾರಂಭವೂ ಇಷ್ಟು ಸಮೀಪದಲ್ಲಿ ನಿಲ್ಲುವುದು ಅಪೂರ್ವ.

ಈ ಹೊಸ ಯುಗದಲ್ಲಿ ಬಳ್ಳಾರಿಗೂ ಒಂದು ಪಾಲು ದೊರೆತಿದೆ. ಬಳ್ಳಾರಿಯಿಂದ ಹೊಸಪೇಟೆಯ ದಾರಿಯಲ್ಲಿ ಸಿಕ್ಕುವ ತೋರಣಗಲ್ಲಿನಲ್ಲಿ, 1971ರಲ್ಲಿ ಇಂದಿರಾ ಗಾಂಧಿಯವರು ಉಕ್ಕಿನ ಕಾರ್ಖಾನೆಗೆ ಅಡಿಗಲ್ಲು ಹಾಕಿದ ಆ ಪ್ರದೇಶದಲ್ಲಿ, ಇಂದು ಜಿಂದಾಲರ ಉಕ್ಕಿನ ಊರು ಎದ್ದಿದೆ. ಅಲ್ಲಿಯೇ 2018ರಲ್ಲಿ ತೆರೆದ ಇನ್‌ಸ್ಪೈರ್ ಕ್ರೀಡಾ ಸಂಸ್ಥೆಯ ಹಸಿರು ಮೈದಾನಗಳಲ್ಲಿ ಬೆಂಗಳೂರು ಎಫ್.ಸಿ.ಯ ತಂಡ ಋತುಪೂರ್ವದ ಅಭ್ಯಾಸಕ್ಕೆ ಬಂದಿದೆ, ಅದರ ಕಿರಿಯರು ವಸತಿಯಲ್ಲಿದ್ದು ಕಲಿತಿದ್ದಾರೆ. ಕಾರ್ಖಾನೆ ಮತ್ತೆ ಆಟದ ಪೋಷಕವಾಯಿತು, ಆದರೆ ರೀತಿ ಬೇರೆ. ಹಿಂದಿನ ಕಾರ್ಖಾನೆಯು ಆಟಗಾರನನ್ನು ನೌಕರನನ್ನಾಗಿ ಮಾಡಿಕೊಂಡು ನಿವೃತ್ತಿಯ ತನಕ ಸಾಕಿತು. ಇಂದಿನದು ಬಾಲಕನನ್ನು ಆರಿಸಿ, ಉತ್ತಮವಾಗಿ ತಿದ್ದಿ, ಸಂತೆಗೆ ಕಳುಹಿಸುತ್ತದೆ. ಆರಿಸಲ್ಪಟ್ಟವನ ಭಾಗ್ಯ ಮೊದಲಿಗಿಂತ ದೊಡ್ಡದು, ಆರಿಸಲ್ಪಡದವನಿಗೆ ಮೊದಲಿದ್ದ ಆಸರೆಯೂ ಈಗ ಇಲ್ಲ. ಮೇಲಿನ ಲೀಗಿನ ತಂಡದಲ್ಲಿ ಸ್ಥಾನ ಸಿಕ್ಕದವನು ಬೆಂಗಳೂರಿನ ಸೂಪರ್ ಡಿವಿಷನ್ನಿನಲ್ಲಿಯೋ ಎರಡನೆಯ, ಮೂರನೆಯ ವಿಭಾಗದ ಕ್ಲಬ್ಬುಗಳಲ್ಲಿಯೋ ಋತುವಿನಿಂದ ಋತುವಿಗೆ ಒಪ್ಪಂದ ಮಾಡಿಕೊಂಡು, ಲಾಕ್ವಿಲ ಗ್ರೊಸ್ಸೆತೊಗಳ ಆಟಗಾರನ ಹಾಗೆಯೇ ಬದುಕಬೇಕಾಗಿದೆ.

ಕರ್ನಾಟಕವು 2023ರ ಮಾರ್ಚ್ 4ರಂದು ದೂರದ ರಿಯಾಧಿನಲ್ಲಿ ಮೇಘಾಲಯವನ್ನು 3–2ರಿಂದ ಸೋಲಿಸಿ, 54 ವರ್ಷಗಳ ಮೇಲೆ ಸಂತೋಷ್ ಟ್ರೋಫಿಯನ್ನು ಮನೆಗೆ ತಂದಾಗ ನಾಡು ಸಂತೋಷಪಟ್ಟಿತು, ಎರಡು ದಿನ ಪತ್ರಿಕೆಗಳು ಬರೆದವು. ದೊಡ್ಡ ಲೀಗಿನ ಬೆಳಕಿಗೆ ಬಾರದ ಇಂತಹ ಹುಡುಗರ ಕಾಲ್ಬಲವೇ ಆ ಗೆಲುವಿಗೆ ಆಧಾರ. ಅವರಿಗೆ ನೌಕರಿ ಕೊಡುವ ಮಾತನ್ನು ಸರಕಾರವೂ ಉದ್ಯಮಗಳೂ ಗಂಭೀರವಾಗಿ ಆಡಬೇಕು. ಹಳೆಯ ಕಾರ್ಖಾನೆಗಳ ತಂಡದ ಪಟ್ಟಿಗಳನ್ನೂ, ಭಾವಚಿತ್ರಗಳನ್ನೂ, ಇನ್ನೂ ಬದುಕಿರುವ ನಿವೃತ್ತ ಆಟಗಾರರ ನೆನಪುಗಳನ್ನೂ ಅವು ಚೆದುರಿಹೋಗುವ ಮೊದಲೇ ಕಲೆಹಾಕುವ ಕೆಲಸಕ್ಕೆ ನಮ್ಮ ವಿಶ್ವವಿದ್ಯಾನಿಲಯಗಳು, ಮೊದಲಾಗಿ ಬಳ್ಳಾರಿಯದು, ಕೈಹಚ್ಚಬೇಕು.