ಕರ್ಸ್ಟನ್ ಜಾನ್ಸನ್: ಸಾಕ್ಷ್ಯಚಿತ್ರದ ಕ್ಯಾಮೆರಾ ಹಿಡಿದವರು

ಸಾಕ್ಷ್ಯಚಿತ್ರ ನೋಡಿದವರಿಗೆ ನಿರ್ದೇಶಕರ ಹೆಸರು ನೆನಪಿರುತ್ತದೆ, ಛಾಯಾಗ್ರಾಹಕರದು ಇರುವುದಿಲ್ಲ. ಅಮೆರಿಕದ ಕರ್ಸ್ಟನ್ ಜಾನ್ಸನ್ ಸುಮಾರು 25 ವರ್ಷ ಹೀಗೆ ಬೇರೆಯವರ ಚಿತ್ರಗಳಿಗೆ ದುಡಿದರು.

ಕಲಿಕೆ, ವೃತ್ತಿ

1965ರಲ್ಲಿ ಹುಟ್ಟಿದ ಅವರು ಬ್ರೌನ್ ವಿಶ್ವವಿದ್ಯಾಲಯದಲ್ಲಿ ಓದಿ ಸೆನೆಗಲ್‌ಗೆ ಹೋದರು. ಆಮೇಲೆ ಪ್ಯಾರಿಸ್ಸಿನ ಲಾ ಫೆಮಿಸ್ ಶಾಲೆಯಲ್ಲಿ ಛಾಯಾಗ್ರಹಣ ಕಲಿತರು. ‘ದ ಇನ್ವಿಸಿಬಲ್ ವಾರ್’ (2012), ಆಸ್ಕರ್ ಗೆದ್ದ ‘ಸಿಟಿಜನ್‌ಫೋರ್’ (2014) ಮುಂತಾದವುಗಳಲ್ಲಿ ಅವರ ಕೆಲಸವಿದೆ.

‘ಕ್ಯಾಮೆರಾಪರ್ಸನ್’

ಬೇರೆ ಬೇರೆ ಚಿತ್ರಗಳಿಗಾಗಿ ತೆಗೆದ ತುಣುಕುಗಳನ್ನೇ ಜೋಡಿಸಿ ಅವರು 2016ರಲ್ಲಿ ಈ ಚಿತ್ರ ಮಾಡಿದರು. ಅದು ಅವರ ಆತ್ಮಕಥೆ. ಆದರೆ ಅವರ ಮುಖ ಕಾಣುವುದೇ ಅಪರೂಪ. ಲೆನ್ಸ್‌ಗೆ ಅಡ್ಡಬಂದ ಹುಲ್ಲೆಸಳನ್ನು ಕೈಯೊಂದು ಕಿತ್ತೆಸೆಯುತ್ತದೆ. ಮಿಸೌರಿಯ ಬಯಲಿನಲ್ಲಿ ಮಿಂಚು ಹೊಡೆಯುತ್ತದೆ, ತುಸು ಹೊತ್ತಿನಲ್ಲೇ ಕ್ಯಾಮೆರಾ ಹಿಂದೆ ಸೀನು ಬಂದು ಇಡೀ ಚೌಕಟ್ಟು ಅಲುಗುತ್ತದೆ. ಕ್ಯಾಮೆರಾ ಹಿಂದೆ ಒಂದು ಜೀವವಿದೆ ಎಂಬುದನ್ನು ಇಷ್ಟು ಸರಳವಾಗಿ ತೋರಿಸಿದ ಇನ್ನೊಂದು ದೃಶ್ಯವನ್ನು ನಾನು ಕಂಡಿಲ್ಲ.

ನೋಡುತ್ತ ನಿಲ್ಲುವ ಸಂಕಟ

ಇದೇ ಚಿತ್ರದ ಮತ್ತೊಂದು ದೃಶ್ಯದಲ್ಲಿ, ನೈಜೀರಿಯಾದ ಆಸ್ಪತ್ರೆಯೊಂದರಲ್ಲಿ ಆಗಷ್ಟೇ ಹುಟ್ಟಿದ ಕೂಸು ಉಸಿರಿಗಾಗಿ ಒದ್ದಾಡುತ್ತದೆ. ಅಲ್ಲಿ ಆಮ್ಲಜನಕವಿಲ್ಲ. ಸೂಲಗಿತ್ತಿ ಮತ್ತೊಂದು ಹೆರಿಗೆಯತ್ತ ಓಡಬೇಕು. ಕ್ಯಾಮೆರಾ ಮಾತ್ರ ಕೂಸಿನ ಮುಂದೆ ನಿಂತೇ ಇರುತ್ತದೆ. ಕಥಾಚಿತ್ರದಲ್ಲಿ ಶಾಟ್ ಕೆಟ್ಟರೆ ಮತ್ತೊಂದು ಟೇಕ್ ಉಂಟು. ಇಲ್ಲಿ ಕೈ ನಡುಗಬಾರದು, ಮನಸ್ಸು ಕಲ್ಲಾಗಲೂ ಬಾರದು. ಬೆಳಕು, ಲೆನ್ಸುಗಳ ಪಾಠಕ್ಕಿಂತ ಈ ವೃತ್ತಿಯಲ್ಲಿ ಕಠಿಣವಾದದ್ದು ಇದೇ.

ಋಣದ ಪ್ರಶ್ನೆ

ಚಿತ್ರೀಕರಣ ಮುಗಿಸಿ ಹೊರಟವರು ತಾವು ಚಿತ್ರಿಸಿದ ಜನರ ಬಳಿಗೆ ಮತ್ತೆ ಹೋಗುವುದು ಕಡಿಮೆ. ಬೋಸ್ನಿಯಾದ ಫೋಚಾ ಸುತ್ತಮುತ್ತ ನಡೆದ ಯುದ್ಧಕಾಲದ ಅತ್ಯಾಚಾರಗಳ ಕುರಿತ ಚಿತ್ರಕ್ಕಾಗಿ ಹೋಗಿದ್ದಾಗ ಜಾನ್ಸನ್ ಅವರಿಗೆ ಕುರಿ ಸಾಕುವ ಮುಸ್ಲಿಂ ಕುಟುಂಬವೊಂದರ ಒಡನಾಟವಾಗಿತ್ತು. ವರ್ಷಗಳ ಬಳಿಕ ಅವರು ಅಲ್ಲಿಗೇ ಮರಳಿ, ತೆಗೆದದ್ದನ್ನು ಆ ಮನೆಯವರಿಗೆ ತೋರಿಸಿದರು. ಎಲ್ಲ ಸಾಕ್ಷ್ಯಚಿತ್ರಕಾರರೂ ಮಾಡಬೇಕಾದ ಕೆಲಸವಿದು.

ತಾಯಿ, ತಂದೆ

ಅವರ ತಾಯಿಗೆ ಆಲ್ಝೈಮರ್ ಕಾಯಿಲೆಯಿತ್ತು. ಊರೂರಿನ ಮನೆಗಳನ್ನು ಚಿತ್ರಿಸಿದ ಮಗಳ ಬಳಿ, ತಾಯಿ ಚೆನ್ನಾಗಿದ್ದ ಕಾಲದ ದೃಶ್ಯಗಳು ಇರಲಿಲ್ಲವೆಂದೇ ಹೇಳಬೇಕು. ಮನೋವೈದ್ಯರಾಗಿದ್ದ ತಂದೆಗೂ ಮರೆವು ಶುರುವಾದಾಗ ಮಗಳು ತಡಮಾಡಲಿಲ್ಲ. ತಂದೆಯ ಸಾವನ್ನು ಅವರ ಎದುರಿನಲ್ಲೇ, ಅವರ ಒಪ್ಪಿಗೆಯಿಂದಲೇ ಬಗೆಬಗೆಯಾಗಿ ಅಭಿನಯಿಸಿ ತೋರಿಸುವ ‘ಡಿಕ್ ಜಾನ್ಸನ್ ಈಸ್ ಡೆಡ್’ 2020ರಲ್ಲಿ ತೆರೆಕಂಡಿತು. ಆಗ ತಂದೆ ಇನ್ನೂ ಬದುಕಿದ್ದರು.